ವಾಗ್ನರ್ ಚಿತ್ರಕ್ಕೆ ಯಾರ ಸಂಗೀತ? 1913ರ ಮೂಕಿಯೊಂದರ ಮರುಪ್ರದರ್ಶನ: ಒಂದು ಪ್ರಕರಣ ಅಧ್ಯಯನ

ಈ ಪ್ರಕರಣ ನಡೆದದ್ದು ಜರ್ಮನಿಯ ಒಂದು ಮಧ್ಯಮ ಗಾತ್ರದ ಊರಿನಲ್ಲಿ. ನಗರಸಭೆಯ ಅಲ್ಪ ಅನುದಾನ ಮತ್ತು ಸದಸ್ಯರ ವಂತಿಗೆಯಿಂದ ನಡೆಯುವ ಪುಟ್ಟ ಚಿತ್ರಮಂದಿರವೊಂದು ಅಲ್ಲಿದೆ. ಯಾವ ಚಿತ್ರ ತರಿಸಬೇಕು, ಅದನ್ನು ಹೇಗೆ ತೋರಿಸಬೇಕು ಎಂಬುದನ್ನು ಸಂಬಳವಿಲ್ಲದೆ ದುಡಿಯುವ ಕಾರ್ಯಕ್ರಮ ತಂಡವೊಂದು ನಿರ್ಧರಿಸುತ್ತದೆ. ಕೆಲವು ವರ್ಷಗಳ ಹಿಂದೆ ಆ ತಂಡದಲ್ಲಿ ನಾನೂ ಇದ್ದೆ. ಊರಿನ, ಚಿತ್ರಮಂದಿರದ ಮತ್ತು ಅಲ್ಲಿನ ಜನರ ಗುರುತು ಸಿಗದಂತೆ ವಿವರಗಳನ್ನು ಮರೆಮಾಡಿದ್ದೇನೆ. ಚಿತ್ರ ಮತ್ತು ಅದನ್ನು ಮಾಡಿದವರು ಇತಿಹಾಸಕ್ಕೆ ಸೇರಿದವರಾದ್ದರಿಂದ ಅವರ ಹೆಸರುಗಳನ್ನು ಮಾತ್ರ ಉಳಿಸಿಕೊಂಡಿದ್ದೇನೆ. ಹಳೆಯ ಮೂಕಿ ಚಿತ್ರಗಳನ್ನು ಜೀವಂತ ಸಂಗೀತದೊಂದಿಗೆ ತೋರಿಸಬೇಕೆಂದು ಯೋಚಿಸುವ ಚಿತ್ರಸಮಾಜಗಳಿಗೆ ಇದರಿಂದ ಏನಾದರೂ ಪ್ರಯೋಜನವಾದೀತು ಎಂಬ ಕಾರಣಕ್ಕೆ ಈ ದಾಖಲೆ.

ಚಿತ್ರ ಮತ್ತು ಅದರ ಹಿನ್ನೆಲೆ

ತಂಡ ಆರಿಸಿಕೊಂಡದ್ದು ಜರ್ಮನ್ ಸಂಯೋಜಕ ರಿಚರ್ಡ್ ವಾಗ್ನರ್ ಅವರ ಜೀವನವನ್ನು ಕುರಿತು 1913ರಲ್ಲಿ ಬರ್ಲಿನ್ನಿನಲ್ಲಿ ತಯಾರಾದ ಮೂಕಿ ಚಿತ್ರ. ನಿರ್ಮಾಪಕ ಆಸ್ಕರ್ ಮೆಸ್ಟರ್. ನಿರ್ದೇಶಕರು ಕಾರ್ಲ್ ಫ್ರೋಲಿಕ್ ಮತ್ತು ವಿಲಿಯಂ ವಾವರ್. ವಾಗ್ನರ್ ಹುಟ್ಟಿದ್ದು 1813ರ ಮೇ 22ರಂದು, ಲೈಪ್‌ಜಿಗ್‌ನಲ್ಲಿ. ಅವರ ಜನ್ಮಶತಮಾನೋತ್ಸವದ ಸಡಗರಕ್ಕೆ ಹೊಂದುವಂತೆ ಚಿತ್ರ 1913ರ ಮೇ ಕೊನೆಗೆ ತೆರೆಕಂಡಿತು. ಅದೇ ತಿಂಗಳ 3ರಂದು ಮುಂಬಯಿಯ ಕಾರೊನೇಷನ್ ಚಿತ್ರಮಂದಿರದಲ್ಲಿ ಫಾಲ್ಕೆಯವರ 'ರಾಜಾ ಹರಿಶ್ಚಂದ್ರ' ಬಿಡುಗಡೆಯಾಗಿತ್ತು ಎಂಬುದನ್ನು ನೆನೆದರೆ ನಮ್ಮ ಓದುಗರಿಗೆ ಆ ಕಾಲ ಯಾವುದೆಂಬ ಅಂದಾಜು ಸಿಗುತ್ತದೆ. ಹತ್ತು ಹದಿನೈದು ನಿಮಿಷಗಳ ತುಣುಕುಗಳಿಂದ ಸಿನಿಮಾ ಒಂದು ಗಂಟೆಗೂ ಮೀರಿದ ಕಥನಕ್ಕೆ ಬೆಳೆಯುತ್ತಿದ್ದ, ಸಂತೆಯ ಮನರಂಜನೆ ಎಂಬ ಹೆಸರನ್ನು ಕಳಚಿಕೊಂಡು ವಿದ್ಯಾವಂತ ಮಧ್ಯಮ ವರ್ಗವನ್ನು ಚಿತ್ರಮಂದಿರಕ್ಕೆ ಕರೆತರಲು ನಿರ್ಮಾಪಕರು ಹವಣಿಸುತ್ತಿದ್ದ ದಿನಗಳವು. ಆ ವರ್ಗದ ಆರಾಧ್ಯ ದೈವವಾಗಿದ್ದ ಸಂಯೋಜಕನ ಚರಿತ್ರೆಗಿಂತ ಉತ್ತಮವಾದ ವಸ್ತು ಮೆಸ್ಟರ್‌ಗೆ ಸಿಗುತ್ತಿರಲಿಲ್ಲ.

ಚಿತ್ರ ಸಾಗುವುದು ದೃಶ್ಯಾವಳಿಗಳ ರೂಪದಲ್ಲಿ. ಡ್ರೆಸ್ಡನ್‌ನ 1849ರ ದಂಗೆ, ಸ್ವಿಟ್ಜರ್ಲೆಂಡಿನ ಜೂರಿಚ್‌ನಲ್ಲಿ ದೇಶಾಂತರವಾಸ, ಅಲ್ಲಿ ಕವಯಿತ್ರಿ ಮಟಿಲ್ಡೆ ವೇಸೆಂಡಾಂಕ್ ಅವರೊಂದಿಗಿನ ಸ್ನೇಹ, ಬವೇರಿಯಾದ ಎಳೆಯ ದೊರೆ ಎರಡನೆಯ ಲೂಡ್ವಿಗ್‌ನ ಆಶ್ರಯ, ತಮ್ಮ ಗೀತನಾಟಕಗಳಿಗೆಂದೇ ಕಟ್ಟಿಸಿದ ಬೈರಾಯ್ಟ್‌ನ ನಾಟಕಶಾಲೆ, 1883ರಲ್ಲಿ ವೆನಿಸ್ಸಿನಲ್ಲಿ ಸಾವು ಇವೆಲ್ಲ ಒಂದರ ಹಿಂದೊಂದು ಬರುತ್ತವೆ. ಕ್ಯಾಮೆರಾ ಹೆಚ್ಚಾಗಿ ನಿಂತಲ್ಲೇ ನಿಂತಿರುತ್ತದೆ. ಪಾತ್ರಗಳು ಅಡಿಯಿಂದ ಮುಡಿಯವರೆಗೆ ಕಾಣುತ್ತವೆ. ಎರಡು ಮೂರು ನಿಮಿಷಕ್ಕೊಮ್ಮೆ ಬರಹದ ಫಲಕವೊಂದು ಬಂದು ಮುಂದಿನ ಘಟನೆಯನ್ನು ತಿಳಿಸುತ್ತದೆ. ಧೋರಣೆ ಪೂರ್ತಿ ಭಕ್ತಿಯದು.

ವಾಗ್ನರ್ ಪಾತ್ರ ವಹಿಸಿದವರು ಜುಸೆಪ್ಪೆ ಬೆಚ್ಚೆ. ಇಟಲಿಯ ಲೊನಿಗೊ ಎಂಬ ಊರಿನಲ್ಲಿ 1877ರಲ್ಲಿ ಹುಟ್ಟಿ ಬರ್ಲಿನ್ನಿಗೆ ಬಂದು ನೆಲೆಸಿದ್ದ ಈ ಸಂಗೀತಗಾರ ವೃತ್ತಿಯಿಂದ ನಟರಲ್ಲ, ಆದರೆ ಮುಖಚಹರೆಯಲ್ಲಿ ವಾಗ್ನರ್‌ಗೆ ಚೆನ್ನಾಗಿ ಹೋಲುತ್ತಿದ್ದರು. ನಿರ್ಮಾಪಕರಿಗೆ ಅವರು ಇನ್ನೊಂದು ರೀತಿಯಲ್ಲೂ ಒದಗಿಬಂದರು. ಚಿತ್ರದೊಂದಿಗೆ ವಾಗ್ನರ್ ಅವರ ಸಂಗೀತವನ್ನೇ ನುಡಿಸಲು ಅನುಮತಿ ಕೇಳಿದಾಗ ವಾರಸುದಾರರು ಹೇಳಿದ ಮೊತ್ತ ನಿರ್ಮಾಪಕರ ಕೈಗೆಟುಕುವಂತಿರಲಿಲ್ಲ. ಹಾಗಾಗಿ ಚಿತ್ರದ ಸಂಗೀತವನ್ನೂ ಬೆಚ್ಚೆಯವರೇ ಸಿದ್ಧಪಡಿಸಿದರು: ಹೇಡನ್, ಮೊಜಾರ್ಟ್, ಬೀಥೋವನ್ ಮೊದಲಾದವರ ಭಾಗಗಳನ್ನು ಆಯ್ದು ಜೋಡಿಸಿ, ನಡುನಡುವೆ ತಮ್ಮ ಸ್ವಂತ ರಚನೆಗಳನ್ನು ಸೇರಿಸಿದರು. ಜರ್ಮನಿಯಲ್ಲಿ ಒಂದು ಚಿತ್ರಕ್ಕೆಂದೇ ಸಿದ್ಧವಾದ ಮೊದಮೊದಲ ಸಂಗೀತಗಳಲ್ಲಿ ಇದು ಒಂದು.

ಇಲ್ಲೊಂದು ಲೆಕ್ಕವಿದೆ, ಈ ಪ್ರಕರಣವೆಲ್ಲ ಅದರ ಮೇಲೆಯೇ ನಿಂತಿದೆ. ಆಗಿನ ಜರ್ಮನ್ ಕಾನೂನಿನ ಪ್ರಕಾರ ಕೃತಿಸ್ವಾಮ್ಯ ಇರುತ್ತಿದ್ದದ್ದು ಕರ್ತೃವಿನ ಮರಣಾನಂತರ 30 ವರ್ಷ. ವಾಗ್ನರ್ ತೀರಿಕೊಂಡದ್ದು 1883ರಲ್ಲಿ; ಅಂದರೆ 1913ರ ಡಿಸೆಂಬರ್ 31ಕ್ಕೆ ಅವರ ಸಂಗೀತವೆಲ್ಲ ಸಾರ್ವಜನಿಕ ಸ್ವತ್ತಾಗಲಿತ್ತು. ಬೈರಾಯ್ಟ್ ಬಿಟ್ಟು ಬೇರೆಲ್ಲೂ ಆಡಬಾರದೆಂದು ಕುಟುಂಬ ಕಾಪಾಡಿಕೊಂಡು ಬಂದಿದ್ದ 'ಪಾರ್ಸಿಫಲ್' ಗೀತನಾಟಕಕ್ಕಾದರೂ ಅವಧಿ ವಿಸ್ತರಿಸಬೇಕೆಂದು ಪತ್ನಿ ಕೋಸಿಮಾ ಮತ್ತು ಬೆಂಬಲಿಗರು ನಡೆಸಿದ ಪ್ರಯತ್ನಗಳಿಗೆ ಜರ್ಮನ್ ಸಂಸತ್ತು ಮಣಿಯಲಿಲ್ಲ. 1914 ಕಾಲಿಡುತ್ತಿದ್ದಂತೆ ಯೂರೋಪಿನ ಹಲವು ನಗರಗಳ ರಂಗಮಂದಿರಗಳು ಅದನ್ನು ಆಡಿದವು. ಮೆಸ್ಟರ್ ಏಳು ತಿಂಗಳು ಕಾದಿದ್ದರೆ ವಾಗ್ನರ್ ಸಂಗೀತ ಪುಕ್ಕಟೆಯಾಗಿ ಸಿಗುತ್ತಿತ್ತು. ಆದರೆ ಶತಮಾನೋತ್ಸವ ಏಳು ತಿಂಗಳು ಕಾಯುತ್ತಿರಲಿಲ್ಲ. ವ್ಯಾಪಾರಿಯ ದೃಷ್ಟಿಯಿಂದ ಅವರ ನಿರ್ಧಾರ ಸರಿಯಾಗಿಯೇ ಇತ್ತೆಂದು ನನ್ನ ಅಭಿಪ್ರಾಯ.

ತಂಡದ ಮುಂದೆ ಬಂದ ಪ್ರಶ್ನೆ

ಚಿತ್ರದ ಪ್ರತಿಯನ್ನು ಸಂಗ್ರಹಾಲಯವೊಂದು ಎರಡು ಪ್ರದರ್ಶನಗಳಿಗೆಂದು ಎರವಲು ಕೊಟ್ಟಿತು. ಪ್ರತಿಯ ಜೊತೆ ಧ್ವನಿ ಇರಲಿಲ್ಲ. ಊರಿನಲ್ಲಿ ಮೂಕಿ ಚಿತ್ರಗಳಿಗೆ ಪಿಯಾನೊ ನುಡಿಸಿ ಅನುಭವವಿದ್ದ ಹಿರಿಯ ವಾದಕಿಯೊಬ್ಬರು ಒಪ್ಪಿಕೊಂಡರು. ಮೊದಲ ಸಭೆಯಲ್ಲಿ ಸಂಗೀತದ ಬಗ್ಗೆ ಚರ್ಚೆಯೇ ನಡೆಯಲಿಲ್ಲ ಎನ್ನಬಹುದು. ಕಾನೂನಿನ ತೊಡಕು ಹೋಗಿ ನೂರು ವರ್ಷ ದಾಟಿದೆ, ವಾಗ್ನರ್ ಚಿತ್ರಕ್ಕೆ ವಾಗ್ನರ್ ಸಂಗೀತವನ್ನೇ ನುಡಿಸೋಣ, 1913ರಲ್ಲಿ ಆಗದೆ ಹೋದದ್ದನ್ನು ಈಗ ಮಾಡಿದಂತಾಗುತ್ತದೆ ಎಂದು ಎಲ್ಲರೂ ಒಪ್ಪಿದರು. ಪ್ರಚಾರಪತ್ರದಲ್ಲಿ ಹಾಗೆ ಬರೆಯುವುದೆಂದೂ ತೀರ್ಮಾನವಾಯಿತು.

ಒಬ್ಬರು ಮಾತ್ರ ಒಪ್ಪಲಿಲ್ಲ. ಅವರು ನಿವೃತ್ತ ವಕೀಲರು, ಸಂಗೀತದಲ್ಲಿ ವಿಶೇಷ ಆಸಕ್ತಿಯಿಲ್ಲದವರು. ಅವರ ಆಕ್ಷೇಪ ಸರಳವಾಗಿತ್ತು: ಈ ಚಿತ್ರವನ್ನು ಅಂದಿನ ಪ್ರೇಕ್ಷಕರು ಬೆಚ್ಚೆಯವರ ಸಂಗೀತದೊಂದಿಗೆ ನೋಡಿದ್ದರು, ಈಗ ಅದನ್ನು ತೆಗೆದುಹಾಕಿ ಬೇರೆಯದನ್ನು ಇಟ್ಟರೆ ತೋರಿಸುತ್ತಿರುವುದು ಯಾವ ಚಿತ್ರವನ್ನು? ಆಗ ಆ ಮಾತಿಗೆ ಯಾರೂ ಹೆಚ್ಚು ಬೆಲೆ ಕೊಡಲಿಲ್ಲ.

ಮೊದಲ ಪ್ರಯೋಗ

ವಾದಕಿ ಮನೆಯಲ್ಲಿ ಚಿತ್ರವನ್ನು ಮತ್ತೆ ಮತ್ತೆ ನೋಡಿ ಸೂಚನಾಪಟ್ಟಿ ಸಿದ್ಧಪಡಿಸಿದರು. ಎಡಗಡೆ ಬರಹದ ಫಲಕದ ಮೊದಲ ಪದಗಳು, ನಡುವೆ ದೃಶ್ಯದ ಉದ್ದ ನಿಮಿಷ ಸೆಕೆಂಡುಗಳಲ್ಲಿ, ಬಲಗಡೆ ನುಡಿಸಬೇಕಾದ ಭಾಗ. ಥಟ್ಟನೆ ನಿಲ್ಲಿಸಬೇಕಾದ ಕಡೆ ಕೆಂಪು ಪೆನ್ಸಿಲ್ಲಿನ ಗೆರೆ. ಜೂರಿಚ್‌ನ ದೃಶ್ಯಗಳಿಗೆ ವಾಗ್ನರ್ ಅವರ ಗೀತನಾಟಕ 'ಟ್ರಿಸ್ಟಾನ್ ಮತ್ತು ಇಸೋಲ್ಡೆ'ಯ ಪೀಠಿಕೆ. ಇದಕ್ಕೆ ಸಮರ್ಥನೆಯೂ ಇತ್ತು, ಏಕೆಂದರೆ ವಾಗ್ನರ್ 1857-58ರಲ್ಲಿ ಮಟಿಲ್ಡೆ ಅವರ ಐದು ಕವಿತೆಗಳಿಗೆ ರಾಗ ಹಾಕಿದಾಗ ಅವುಗಳಲ್ಲಿ ಎರಡನ್ನು ಟ್ರಿಸ್ಟಾನ್‌ಗೆ ಪೂರ್ವಾಭ್ಯಾಸಗಳೆಂದೇ ಕರೆದಿದ್ದರು. ದೊರೆ ಲೂಡ್ವಿಗ್‌ನ ಪ್ರವೇಶಕ್ಕೆ 'ಲೋಹೆನ್‌ಗ್ರಿನ್', ಸಾವಿನ ದೃಶ್ಯಕ್ಕೆ ಸೀಗ್‌ಫ್ರೀಡ್‌ನ ಶವಯಾತ್ರೆಯ ಸಂಗೀತ. ಕಾಗದದ ಮೇಲೆ ಪಟ್ಟಿ ನಿರ್ದುಷ್ಟವಾಗಿತ್ತು.

ತಂಡದವರೇ ಕುಳಿತು ನೋಡಿದ ಪೂರ್ವಪ್ರದರ್ಶನದಲ್ಲಿ ಅದು ಕುಸಿಯಿತು. ಜೂರಿಚ್‌ನ ದೃಶ್ಯದಲ್ಲಿ ತೊಂದರೆ ಎದ್ದುಕಂಡಿತು. ಟ್ರಿಸ್ಟಾನ್ ಪೀಠಿಕೆಯ ಜೀವವೇ ನಿಲುಗಡೆಯನ್ನು ಮುಂದೂಡುವುದರಲ್ಲಿದೆ. ಷಡ್ಜದ ಹತ್ತಿರ ಬಂದು ಬಂದು ನಿಲ್ಲದೆ ಹೊರಟುಹೋಗುವ ಆಲಾಪನೆಯಂತೆ ಅದು ಪ್ರತಿ ಸಲವೂ ವಿಶ್ರಾಂತಿಯನ್ನು ತಪ್ಪಿಸಿಕೊಳ್ಳುತ್ತದೆ, ಆರಂಭದ ಸ್ವರಗುಚ್ಛಕ್ಕೆ ಸಮಾಧಾನ ಸಿಗುವುದು ಹಲವು ಗಂಟೆಗಳ ಗೀತನಾಟಕದ ಕಟ್ಟಕಡೆಯಲ್ಲಿ. ತೆರೆಯ ಮೇಲಿನ ದೃಶ್ಯವಾದರೋ ಎರಡು ನಿಮಿಷಕ್ಕೆ ಮುಗಿದು ಫಲಕ ಬರುತ್ತದೆ. ಪ್ರತಿ ಫಲಕದ ಬಳಿಯೂ ವಾದಕಿ ವಾಕ್ಯದ ನಡುವೆ ಕೈ ಎತ್ತಬೇಕಾಯಿತು. ಕೇಳುವವರಿಗೆ ಯಾರೋ ಮಾತು ತುಂಡರಿಸಿದಂತೆ ಆಗುತ್ತಿತ್ತು. ಇನ್ನೊಂದು ಕಷ್ಟ ಗಾತ್ರದ್ದು. ಒಬ್ಬ ಮನುಷ್ಯ ಬಾಗಿಲು ತೆರೆದು ಒಳಬಂದು, ಟೋಪಿ ತೆಗೆದು, ವಂದಿಸಿ, ಕುರ್ಚಿಯಲ್ಲಿ ಕೂರುವ ದೃಶ್ಯಕ್ಕೆ ಆ ಸಂಗೀತ ಬಹಳ ದೊಡ್ಡದಾಯಿತು. ನಟನ ಕೈಬೀಸುಗಳು ಹಾಸ್ಯಾಸ್ಪದವಾಗಿ ಕಾಣತೊಡಗಿದವು. ಸಂಗೀತ ಬಲ್ಲವರು ಚಿತ್ರ ನೋಡುವುದನ್ನು ಬಿಟ್ಟು ಇದು ಯಾವ ಗೀತನಾಟಕದ ಭಾಗ ಎಂದು ಪಿಸುಗುಟ್ಟುತ್ತಿದ್ದರು. ಸಂಗೀತ ಬಾರದವರಿಗೆ ನಗು ಬರುತ್ತಿತ್ತು.

ಅತ್ಯಂತ ಇಕ್ಕಟ್ಟಿನದೆಂದರೆ ತೆರೆಯ ಮೇಲೆ ವಾಗ್ನರ್ ಪಿಯಾನೊ ಮುಂದೆ ಕೂರುವ ಕ್ಷಣ. ಬೇರೆಲ್ಲ ಕಡೆ ಸಂಗೀತ ದೃಶ್ಯದ ಹೊರಗಿನದು, ವ್ಯಾಖ್ಯಾನದಂತೆ ಇರಬಹುದು. ಇಲ್ಲಿ ಮಾತ್ರ ಪ್ರೇಕ್ಷಕ ತಾನು ಕೇಳುತ್ತಿರುವುದನ್ನೇ ತೆರೆಯ ಮೇಲಿನವರು ಕೇಳುತ್ತಿದ್ದಾರೆಂದು ತಿಳಿಯುತ್ತಾನೆ. ಅಲ್ಲಿ ವಾದಕಿ ವಾಗ್ನರ್ ಸಂಗೀತವನ್ನು ನುಡಿಸಿದಾಗ ಎಲ್ಲರಿಗೂ ಒಪ್ಪಿಗೆಯಾಯಿತು. ಆ ಒಂದು ಜಾಗ ಚೆನ್ನಾಗಿ ಕೂತದ್ದರಿಂದಲೇ ಉಳಿದ ಕಡೆ ಏನು ತಪ್ಪಿದೆ ಎಂಬುದು ಸ್ಪಷ್ಟವಾಯಿತು ಎಂದು ವಾದಕಿ ಆಮೇಲೆ ಹೇಳಿದರು. ಉಳಿದ ಕಡೆ ಚಿತ್ರಕ್ಕೆ ಬೇಕಾಗಿದ್ದದ್ದು ತಾನಾಗಿ ಮುಗಿಯಬಲ್ಲ, ಬೇಕೆಂದಲ್ಲಿ ನಿಲ್ಲಿಸಬಲ್ಲ ಸಣ್ಣ ಸಣ್ಣ ಘಟಕಗಳು. ಹೇಡನ್ ಮತ್ತು ಮೊಜಾರ್ಟ್ ಅವರಲ್ಲಿ ಎಂಟು ಮಾತ್ರಾಗಣಕ್ಕೊಮ್ಮೆ ಅಂಥ ನಿಲುಗಡೆ ಸಿಗುತ್ತದೆ. ಬೆಚ್ಚೆ ಬಡತನದಿಂದ ಆ ಕಡೆ ತಿರುಗಿದರೆಂದು ಅಲ್ಲಿಯವರೆಗೆ ತಂಡ ಭಾವಿಸಿತ್ತು. ಬಡತನ ಕಾರಣವಾಗಿದ್ದರೂ, ಆಗಿನ ಸಿನಿಮಾದ ಕಟ್ಟಣೆಗೆ ಹೊಂದುವ ಸಂಗೀತ ಆ ದಾರಿಯಲ್ಲೇ ಇತ್ತು.

ತಿರುಗಿಬಿದ್ದ ಕಾನೂನು

ವಕೀಲರ ಮಾತಿಗೆ ಈಗ ಕಿವಿಗಳು ತೆರೆದವು. ಬೆಚ್ಚೆಯವರ ಸ್ವರಲಿಪಿ ಉಳಿದುಬಂದಿದೆ, ಸಂಶೋಧಕರು ಅದನ್ನು ಅಭ್ಯಾಸ ಮಾಡಿದ್ದಾರೆ. ಹಾಗಿದ್ದರೆ ಅದನ್ನೇ ನುಡಿಸೋಣ ಎಂಬ ತೀರ್ಮಾನವಾಯಿತು. ಅದರ ಮಾರನೆಯ ಸಭೆಗೆ ಅದೇ ವಕೀಲರು ಒಂದು ಚೀಟಿ ಹಿಡಿದುಕೊಂಡು ಬಂದರು. ಜರ್ಮನಿಯಲ್ಲಿ ಕೃತಿಸ್ವಾಮ್ಯದ ಅವಧಿ 1934ರಲ್ಲಿ 50 ವರ್ಷಕ್ಕೂ 1965ರಲ್ಲಿ 70 ವರ್ಷಕ್ಕೂ ಏರಿತು. ಬೆಚ್ಚೆ ದೀರ್ಘಾಯುಷಿ, ಅವರು ತೀರಿಕೊಂಡದ್ದು 1973ರಲ್ಲಿ. ಅಂದರೆ ಅವರ ಸ್ವಂತ ರಚನೆಗಳು 2043ರ ಕೊನೆಯವರೆಗೆ ರಕ್ಷಿತ. ವಾಗ್ನರ್ ಸಂಗೀತಕ್ಕೆ ಹಣ ಕೊಡಲಾಗದೆ ಹುಟ್ಟಿದ ಸಂಗೀತವನ್ನು ಇಂದು ನುಡಿಸಲು ಅನುಮತಿ ಬೇಕು. ವಾಗ್ನರ್ ಸಂಗೀತವನ್ನು ಯಾರು ಬೇಕಾದರೂ ನುಡಿಸಬಹುದು. ಸಭೆಯಲ್ಲಿ ನಗು ಎದ್ದಿತು, ಆದರೆ ಪ್ರದರ್ಶನದ ದಿನ ಹತ್ತಿರವಾಗಿತ್ತು. (ಭಾರತದ ಕಾಯ್ದೆಯಲ್ಲಿ ಅವಧಿ ಮರಣಾನಂತರ 60 ವರ್ಷ, ಇಲ್ಲಿ ಯಾರಾದರೂ ಇದೇ ಚಿತ್ರವನ್ನು ತೋರಿಸುವುದಾದರೆ ಗಮನಿಸಬೇಕಾದ ವರ್ಷ 2033.)

ಅನುಮತಿ ಕೇಳಿ ಪತ್ರ ಹೋಯಿತು. ಇದರಲ್ಲಿ ಸಮಯ ತಿಂದದ್ದು ಶುಲ್ಕದ ಚೌಕಾಶಿಯಲ್ಲ, ಸ್ವರಲಿಪಿಯ ಯಾವ ಭಾಗಕ್ಕೆ ಯಾರ ಒಪ್ಪಿಗೆ ಬೇಕೆಂದು ಬಿಡಿಸಿಕೊಳ್ಳುವ ಕೆಲಸ. ಉತ್ತರ ಮೊದಲ ಪ್ರದರ್ಶನದ ಹೊತ್ತಿಗೆ ಬರಲಿಲ್ಲ. ಆಗ ವಾದಕಿ ಸೂಚಿಸಿದ ಮಧ್ಯಮ ಮಾರ್ಗವೇ ಈ ಪ್ರಕರಣದ ನಿರ್ಣಾಯಕ ತಿರುವು. ಬೆಚ್ಚೆ ಆಯ್ದುಕೊಂಡಿದ್ದ ಹಳೆಯ ಸಂಯೋಜಕರು ಯಾರ ಸ್ವತ್ತೂ ಅಲ್ಲ. ಅಂಥ ಭಾಗಗಳನ್ನು ಅವುಗಳ ಮೂಲ ಪ್ರತಿಗಳಿಂದಲೇ ಆರಿಸಿ ನುಡಿಸಬಹುದು. ಬೆಚ್ಚೆಯವರ ಸ್ವಂತ ರಚನೆಗಳಿರುವ ಕಡೆ ಏನನ್ನೂ ನುಡಿಸದೆ ಬಿಡಬಹುದು. ಪಿಯಾನೊ ಸುಮ್ಮನಿರುವ ಆ ಜಾಗಗಳ ಕಾರಣವನ್ನು ಪ್ರೇಕ್ಷಕರಿಗೆ ಮುಂಚಿತವಾಗಿ ಹೇಳಬೇಕು. ತೆರೆಯ ಮೇಲೆ ಪಿಯಾನೊ ಕಾಣುವ ದೃಶ್ಯದಲ್ಲಿ ಮಾತ್ರ ವಾಗ್ನರ್ ಇರಲಿ ಎಂದು ಇಬ್ಬರು ಒತ್ತಾಯಿಸಿದರು. ದೀರ್ಘ ಚರ್ಚೆಯ ನಂತರ ಅದನ್ನೂ ಬಿಡಲಾಯಿತು, ಏಕೆಂದರೆ 1913ರ ಪ್ರೇಕ್ಷಕ ಆ ಜಾಗದಲ್ಲೇ ಕೊರತೆಯನ್ನು ಎಲ್ಲಕ್ಕಿಂತ ತೀವ್ರವಾಗಿ ಅನುಭವಿಸಿರಬೇಕು. ಅಚ್ಚಾಗಿದ್ದ ಪ್ರಚಾರಪತ್ರವನ್ನು ಹಿಂತೆಗೆದುಕೊಂಡು ಹೊಸದನ್ನು ಅಚ್ಚು ಹಾಕಿಸಬೇಕಾಯಿತು. ಖಜಾಂಚಿಗೆ ಅದು ಹಿಡಿಸಲಿಲ್ಲ.

ವೇಗದ ವಿಷಯವನ್ನೂ ಇಲ್ಲೇ ಹೇಳಬೇಕು. ಆ ಕಾಲದ ಚಿತ್ರಗಳನ್ನು ಕೈಯಿಂದ ತಿರುಗಿಸುವ ಕ್ಯಾಮೆರಾದಲ್ಲಿ ಸೆಕೆಂಡಿಗೆ ಸುಮಾರು 16ರಿಂದ 20 ಚೌಕಟ್ಟುಗಳ ದರದಲ್ಲಿ ತೆಗೆಯುತ್ತಿದ್ದರು. ಇಂದಿನ 24ರ ವೇಗಕ್ಕೆ ಹಾಕಿದರೆ ಜನ ಓಡಾಡುವುದು ಕೋಡಂಗಿಯಾಟವಾಗುತ್ತದೆ, ಸಂಗೀತದ ಲೆಕ್ಕವೂ ತಪ್ಪುತ್ತದೆ. ತಂಡ 18ಕ್ಕೆ ಒಪ್ಪಿತು. ವೇಗ ನಿಗದಿಯಾಗುವ ಮೊದಲೇ ಸೂಚನಾಪಟ್ಟಿ ಬರೆಯಲು ಕುಳಿತರೆ ಅಷ್ಟೂ ಶ್ರಮ ವ್ಯರ್ಥ.

ಪರಿಚಯದ ಮಾತು ಎಷ್ಟಿರಬೇಕು

ಸಂಗೀತಕ್ಕಿಂತ ಹೆಚ್ಚು ಬಿಸಿಯಾದ ಜಗಳ ನಡೆದದ್ದು ಚಿತ್ರದ ಮುಂಚಿನ ಪರಿಚಯ ಭಾಷಣದ ಬಗ್ಗೆ. ವಾಗ್ನರ್ 1850ರಲ್ಲಿ ಗುಪ್ತನಾಮದಲ್ಲಿ ಪ್ರಕಟಿಸಿ 1869ರಲ್ಲಿ ಸ್ವಂತ ಹೆಸರಿನಲ್ಲೇ ಮತ್ತೆ ಹೊರತಂದ, ಯೆಹೂದಿ ಸಂಗೀತಗಾರರ ಮೇಲೆ ವಿಷ ಕಾರುವ ಪ್ರಬಂಧವನ್ನು ಹೇಳದೆ ಇಂಥ ಭಕ್ತಿಚಿತ್ರವನ್ನು ತೋರಿಸಬಾರದೆಂದು ಒಬ್ಬ ಸದಸ್ಯೆ ಪಟ್ಟು ಹಿಡಿದರು. ಚಿತ್ರ ನೋಡುವ ಮೊದಲೇ ತೀರ್ಪು ಕೊಟ್ಟಂತಾಗುತ್ತದೆ ಎಂಬುದು ಇನ್ನೊಬ್ಬರ ವಾದ. ಚಿತ್ರ ಮಾಡಿದವರ ಮುಂದಿನ ಬದುಕನ್ನು ಹುಡುಕಿದಾಗ ಈ ಜಗಳ ತಾನಾಗಿ ಬಗೆಹರಿಯಿತು. ನಿರ್ದೇಶಕ ಫ್ರೋಲಿಕ್ 1933ರಲ್ಲಿ ನಾಝಿ ಪಕ್ಷ ಸೇರಿ, 1939ರಲ್ಲಿ ಆ ಸರ್ಕಾರದ ಚಲನಚಿತ್ರ ಮಂಡಳಿಯ ಅಧ್ಯಕ್ಷರಾದರು. ದೊರೆ ಲೂಡ್ವಿಗ್‌ನ ಪಾತ್ರ ಮಾಡಿದ ಎರ್ನ್‌ಸ್ಟ್ ರೈಖರ್ ಯೆಹೂದಿ ಮೂಲದವರು, ನಾಝಿಗಳು ಅಧಿಕಾರಕ್ಕೆ ಬಂದ ಮೇಲೆ ದೇಶ ಬಿಟ್ಟು 1936ರಲ್ಲಿ ಪ್ರಾಗ್‌ನಲ್ಲಿ ತೀರಿಕೊಂಡರು. ಈ ಎರಡು ಸಂಗತಿಗಳನ್ನೂ ಪ್ರಬಂಧದ ಇಸವಿಗಳನ್ನೂ ಯಾವ ವ್ಯಾಖ್ಯಾನವಿಲ್ಲದೆ ಹೇಳಿ, ನಂತರ ಸಂಗೀತದ ಹಕ್ಕಿನ ಕತೆ ಹೇಳಿ ಮಾತು ಮುಗಿಸುವುದೆಂದಾಯಿತು. ಇದಕ್ಕೆ ಯಾರೂ ಆಕ್ಷೇಪಿಸಲಿಲ್ಲ.

ಏನಾಯಿತು

ಮೊದಲ ಪ್ರದರ್ಶನಕ್ಕೆ ಸಭಾಂಗಣ ಹೆಚ್ಚುಕಡಿಮೆ ತುಂಬಿತ್ತು. ಪಿಯಾನೊ ಮೊದಲ ಸಲ ಮೌನವಾದಾಗ ಕೆಲವರು ವಾದಕಿಗೆ ಏನೋ ಆಯಿತೆಂದು ತಿರುಗಿ ನೋಡಿದರು, ನಂತರ ಅಭ್ಯಾಸವಾಯಿತು. ಡ್ರೆಸ್ಡನ್ ದಂಗೆಯ ದೃಶ್ಯಗಳಿಗೆ ಬೀಥೋವನ್ ಚೆನ್ನಾಗಿ ಒದಗಿದರು. ಚಿತ್ರ ಮುಗಿದ ಮೇಲೆ ಊರಿನ ವಾಗ್ನರ್ ಅಭಿಮಾನಿ ವೃತ್ತದ ಸದಸ್ಯರೊಬ್ಬರು ಎದ್ದು ನಿಂತು, ಒಂದು ಸ್ವರವೂ ವಾಗ್ನರ್‌ದಲ್ಲದ ವಾಗ್ನರ್ ಚಿತ್ರಕ್ಕೆ ತಾವು ಟಿಕೆಟ್ ಕೊಂಡದ್ದು ನಷ್ಟವಾಯಿತೆಂದು ಹೇಳಿದರು. ಹಲವರು ಚಪ್ಪಾಳೆ ತಟ್ಟಿದರು. ಆದರೆ ಆ ಆಕ್ಷೇಪದಿಂದಲೇ ನಿಜವಾದ ಚರ್ಚೆ ಶುರುವಾಯಿತು, ಮತ್ತು ಅದು ಪೂರ್ತಿ ಚಿತ್ರದ ಬಗ್ಗೆಯೇ ಇತ್ತು: ಬೆಚ್ಚೆಯವರ ಕಣ್ಣುಗಳ ಬಗ್ಗೆ, ಚಿತ್ರ ತೆಗೆದಾಗ ಕೋಸಿಮಾ ಇನ್ನೂ ಬದುಕಿದ್ದರೆಂಬುದರ ಬಗ್ಗೆ, ಬದುಕಿರುವವರ ಮುಂದೆ ಅವರ ಪಾತ್ರವನ್ನು ಆಡುವುದರ ಬಗ್ಗೆ. ಪೂರ್ವಪ್ರದರ್ಶನದಲ್ಲಿ ಇಂಥ ಒಂದು ಮಾತೂ ಬಂದಿರಲಿಲ್ಲ.

ಎರಡನೆಯ ಪ್ರದರ್ಶನದ ಹೊತ್ತಿಗೆ ಅನುಮತಿ ಬಂದಿತ್ತು. ಈ ಸಲ ಬೆಚ್ಚೆಯವರ ಸ್ವಂತ ರಚನೆಗಳು ತಮ್ಮ ಜಾಗದಲ್ಲಿ ಕೇಳಿಸಿದವು. ಜನ ಕಡಿಮೆ ಇದ್ದರು. ಆ ರಚನೆಗಳು ವಾಗ್ನರ್ ಶೈಲಿಯ ಸಮೀಪಕ್ಕೆ ಹೋಗಿ ಅಲ್ಲಿಂದ ತಿರುಗಿಬರುತ್ತವೆ. ಕೃತಿಸ್ವಾಮ್ಯದ ಗೆರೆಯನ್ನು ಮುಟ್ಟದೆ ಎಷ್ಟು ಹತ್ತಿರ ನಡೆಯಬಹುದೆಂದು ಅಳೆದು ಇಟ್ಟ ಹೆಜ್ಜೆಗಳಂತೆ ನನಗೆ ತೋರಿತು. ಕೊನೆಯಲ್ಲಿ ಒಬ್ಬ ಪ್ರೇಕ್ಷಕರು ಬಂದು, ಕಳೆದ ಸಲಕ್ಕಿಂತ ಇಂದು ವಾಗ್ನರ್ ಸಂಗೀತವನ್ನೂ ಸೇರಿಸಿದ್ದು ಒಳ್ಳೆಯದಾಯಿತೆಂದು ವಾದಕಿಯನ್ನು ಅಭಿನಂದಿಸಿದರು. ಪರಿಚಯ ಭಾಷಣಕ್ಕೆ ಅವರು ತಡವಾಗಿ ಬಂದಿದ್ದರಂತೆ. ಇದಕ್ಕಿಂತ ದೊಡ್ಡ ಪ್ರಮಾಣಪತ್ರ ಬೆಚ್ಚೆಯವರಿಗೆ ಬೇಕಿಲ್ಲ.

ಇಂಥ ಕೆಲಸಕ್ಕೆ ಕೈಹಾಕುವವರಿಗೆ ಈ ಪ್ರಕರಣದಿಂದ ಒಂದೆರಡು ಸಂಗತಿ ಹೊರಡುತ್ತವೆ. ಹಳೆಯ ಚಿತ್ರದಲ್ಲಿ ಕೊರತೆಯಂತೆ ಕಾಣುವುದನ್ನು ತುಂಬುವ ಮೊದಲು, ಆ ಕೊರತೆಯನ್ನು ಅಂದಿನವರು ಹೇಗೆ ನಿಭಾಯಿಸಿದರು ಮತ್ತು ಅದರಿಂದ ಏನು ಬೆಳೆಯಿತು ಎಂದು ನೋಡಬೇಕು. ಬೆಚ್ಚೆಯವರ ವಿಷಯದಲ್ಲಿ ಬೆಳೆದದ್ದು ಸಣ್ಣದಲ್ಲ. ದೃಶ್ಯದ ಭಾವಕ್ಕೆ ತಕ್ಕಂತೆ ಸಣ್ಣ ರಚನೆಗಳನ್ನು ವಿಂಗಡಿಸಿ ಚಿತ್ರಮಂದಿರಗಳ ವಾದಕರಿಗೆ ಒದಗಿಸುವ ಸಂಗ್ರಹವನ್ನು ಅವರು 1919ರಿಂದ ಪ್ರಕಟಿಸತೊಡಗಿದರು, 1927ರಲ್ಲಿ ಹಾನ್ಸ್ ಎರ್ಡ್‌ಮನ್ ಜೊತೆ ಚಲನಚಿತ್ರ ಸಂಗೀತದ ದೊಡ್ಡ ಕೈಪಿಡಿಯನ್ನು ಹೊರತಂದರು. ಎರಡನೆಯದಾಗಿ, ಹಕ್ಕಿನ ಪ್ರಶ್ನೆಯನ್ನು ಕೊನೆಗೆ ಇಟ್ಟುಕೊಳ್ಳಬಾರದು. ಹಳೆಯದೆಲ್ಲ ಮುಕ್ತ ಎಂಬ ಊಹೆ ಎಲ್ಲಿ ಬೇಕಾದರೂ ಕೈಕೊಡುತ್ತದೆ, ಏಕೆಂದರೆ ಲೆಕ್ಕ ಶುರುವಾಗುವುದು ಕೃತಿಯ ವಯಸ್ಸಿನಿಂದಲ್ಲ, ಕರ್ತೃವಿನ ಸಾವಿನಿಂದ. ಮೂರು ದಾರಿಗಳಿದ್ದರೆ ಮೂರನ್ನೂ ಒಂದೇ ತುಣುಕಿನ ಮೇಲೆ ಪ್ರಯೋಗಿಸಿ ನೋಡುವುದು ಸಭೆಯಲ್ಲಿ ವಾದಿಸುವುದಕ್ಕಿಂತ ಬೇಗ ಫಲ ಕೊಡುತ್ತದೆ. ಆ ತಂಡ ಪೂರ್ವಪ್ರದರ್ಶನ ಇಟ್ಟುಕೊಳ್ಳದಿದ್ದರೆ ಟ್ರಿಸ್ಟಾನ್‌ನ ತೊಂದರೆ ತಿಳಿಯುತ್ತಿದ್ದದ್ದು ಟಿಕೆಟ್ ಕೊಂಡವರ ಮುಂದೆ.

ಅಭಿಮಾನಿ ವೃತ್ತದವರ ದೂರನ್ನು ತಂಡ ತಳ್ಳಿಹಾಕಲಿಲ್ಲ. ಮುಂದಿನ ವರ್ಷದ ಕಾರ್ಯಕ್ರಮದಲ್ಲಿ ಅವರೊಂದಿಗೆ ಸೇರಿ ಒಂದು ಸಂಜೆ ನಡೆಸುವುದೆಂದು ಒಪ್ಪಂದವಾಯಿತು: ಜೂರಿಚ್‌ನ ದೃಶ್ಯಗಳನ್ನಷ್ಟೇ ಎರಡು ಸಲ ತೋರಿಸುವುದು, ಒಮ್ಮೆ ಬೆಚ್ಚೆಯವರ ಸಂಗೀತದೊಂದಿಗೆ, ಒಮ್ಮೆ ಟ್ರಿಸ್ಟಾನ್ ಪೀಠಿಕೆಯೊಂದಿಗೆ, ನಂತರ ಮಟಿಲ್ಡೆಯವರ ಕವಿತೆಗಳಿಗೆ ವಾಗ್ನರ್ ರಾಗ ಹಾಕಿದ ಆ ಐದು ವೇಸೆಂಡಾಂಕ್ ಗೀತೆಗಳನ್ನು ಚಿತ್ರವಿಲ್ಲದೆ ಹಾಡಿಸುವುದು. ಗಾಯಕಿಯ ಸಂಭಾವನೆಯನ್ನು ಅಭಿಮಾನಿ ವೃತ್ತ ಭರಿಸುತ್ತದೆ, ಅನುಮತಿಯ ಶುಲ್ಕವನ್ನು ಚಿತ್ರಮಂದಿರ.